ನಿರಂಜನ ಪಾಲ್: ಭಾಷೆಗಳ ನಡುವೆ ಮರೆಯಾದ ಒಬ್ಬ ಚಿತ್ರಕಥಾಕಾರ

ಒಂದು ಕಾವ್ಯಕ್ಕೆ ಒಬ್ಬ ಕವಿ, ಒಂದು ನಾಟಕಕ್ಕೆ ಒಬ್ಬ ನಾಟಕಕಾರ ಎಂಬ ಲೆಕ್ಕ ಸಾಹಿತ್ಯ ಚರಿತ್ರೆಯಲ್ಲಿ ತಕ್ಕಮಟ್ಟಿಗೆ ಸಲೀಸಾಗಿ ನಡೆಯುತ್ತದೆ. ಚಲಚ್ಚಿತ್ರದ ಚರಿತ್ರೆಯಲ್ಲಿ ಈ ಲೆಕ್ಕ ಕೂಡುವುದಿಲ್ಲ. ಅಲ್ಲಿ ಕೃತಿ ಬಹುಜನರದು. ಕೀರ್ತಿ ಮಾತ್ರ ಕೆಲವರದು. ನಟಿಯ ಮುಖ, ನಿರ್ಮಾಪಕನ ಹೆಸರು, ಕಂಪೆನಿಯ ಲಾಂಛನ ಇವು ಜನರ ನೆನಪಿನಲ್ಲಿ ಉಳಿಯುತ್ತವೆ. ಇವೆಲ್ಲಕ್ಕೂ ಮೊದಲು, ಬರಿಯ ಕಾಗದದ ಮೇಲೆ ಕಥೆಯನ್ನು ಕಂಡು, ದೃಶ್ಯದಿಂದ ದೃಶ್ಯಕ್ಕೆ ಕಟ್ಟಿಕೊಟ್ಟವನು ಹೆಸರಿನ ಪಟ್ಟಿಯಲ್ಲಿ ಒಂದು ಗಳಿಗೆ ಕಾಣಿಸಿಕೊಂಡು ಮಾಯವಾಗುತ್ತಾನೆ.

ಹೀಗೆ ಮಾಯವಾದವರಲ್ಲಿ ನಿರಂಜನ ಪಾಲರು ಒಬ್ಬರು. 'ಅಛೂತ್ ಕನ್ಯಾ' ಎಂಬ 1936ರ ಹಿಂದಿ ವಾಕ್ಚಿತ್ರದ ಹೆಸರನ್ನು ಕೇಳದವರು ವಿರಳ. ಅದರ ನಾಯಿಕೆ ದೇವಿಕಾ ರಾಣಿಯವರೆಂದೂ, ನಾಯಕ ಅಶೋಕ ಕುಮಾರರೆಂದೂ, ಅದು ಬಾಂಬೆ ಟಾಕೀಸಿನ ಚಿತ್ರವೆಂದೂ ಹಲವರು ಹೇಳಬಲ್ಲರು. ಆ ಕಥೆಯನ್ನು ಬರೆದವರು ಯಾರೆಂದು ಕೇಳಿದರೆ ಉತ್ತರ ಬರುವುದು ಕಷ್ಟ. ಈ ಮರೆವಿಗೆ ಚಲಚ್ಚಿತ್ರದ ಸ್ವಭಾವವೊಂದೇ ಕಾರಣವೆಂದು ತೋರುವುದಿಲ್ಲ. ಪಾಲರು ಹುಟ್ಟಿದ ಭಾಷೆ ಒಂದು, ಬರೆದ ಭಾಷೆ ಇನ್ನೊಂದು, ಅವರ ಕಥೆಗಳನ್ನು ನಿರ್ದೇಶಿಸಿದವರ ಭಾಷೆ ಮತ್ತೊಂದು, ಆ ಕಥೆಗಳು ಜನರ ಕಿವಿಗೆ ಮುಟ್ಟಿದ ಭಾಷೆ ಮಗುದೊಂದು. ನಾಲ್ಕು ಭಾಷೆಗಳಲ್ಲಿ ಯಾವುದೂ ಅವರನ್ನು ತನ್ನವರೆಂದು ಕರೆದುಕೊಳ್ಳಲಿಲ್ಲ. ಅವರ ಕಾರ್ಯದ ಗುರುತನ್ನು ಎಲ್ಲಿ ಹುಡುಕಬೇಕೆಂಬುದೇ ಪ್ರಕೃತ ಲೇಖನದ ವಿಚಾರ.

ನಿರಂಜನ ಪಾಲರು 1889ರಲ್ಲಿ ಕಲಕತ್ತೆಯಲ್ಲಿ ಜನಿಸಿದರು. ಲಾಲ್-ಬಾಲ್-ಪಾಲ್ ಎಂಬ ತ್ರಿಮೂರ್ತಿಗಳಲ್ಲಿ ಮೂರನೆಯವರಾದ ಬಿಪಿನಚಂದ್ರ ಪಾಲರೇ ಇವರ ತಂದೆ. ತಂದೆಯವರು ವಾಗ್ಮಿ, ಪತ್ರಿಕೋದ್ಯೋಗಿ. ಅರವಿಂದರ ವಿರುದ್ಧ ನ್ಯಾಯಾಲಯದಲ್ಲಿ ಸಾಕ್ಷಿ ನುಡಿಯಲು ಒಪ್ಪದೆ 1907ರಲ್ಲಿ ಸೆರೆಮನೆಗೆ ಹೋದವರು. ಇಂಥ ಮನೆಯಲ್ಲಿ ಬೆಳೆದ ಹುಡುಗನಿಗೆ ರಾಜಕೀಯ ತಾನಾಗಿ ಅಂಟಿಕೊಂಡಿತು. ಲಂಡನ್ನಿಗೆ ಹೋದ ಯುವಕ ನಿರಂಜನ ಅಲ್ಲಿಯ ಇಂಡಿಯಾ ಹೌಸಿನ ವಲಯಕ್ಕೆ ಸೇರಿ, ವಿನಾಯಕ ಸಾವರಕರರ ಒಡನಾಡಿಯಾದರು. ತಾಯ್ನಾಡಿಗೆ ತನ್ನನ್ನು ಮರಳಿ ಕರೆದೊಯ್ಯೆಂದು ಕಡಲನ್ನು ಬೇಡುವ ಸಾವರಕರರ ಮರಾಠಿ ಗೀತವನ್ನು ಮುಂಬಯಿ ಪುಣೆಗಳಲ್ಲಿ ನೆಲಸಿದ ಕನ್ನಡಿಗರು ಹಲವು ಸಲ ಕೇಳಿರುತ್ತಾರೆ. 1909ರಲ್ಲಿ ಬ್ರೈಟನ್ನಿನ ಕಡಲತೀರದಲ್ಲಿ ಆ ಗೀತ ಮೂಡಿದಾಗ ಕವಿಯ ಬಳಿ ಕುಳಿತಿದ್ದವರು ಇದೇ ನಿರಂಜನ ಪಾಲರು. ಆ ಕ್ಷಣವನ್ನು ಮುಂದೆ ಅವರೇ ನೆನಪಿಸಿಕೊಂಡು ಬರೆದರು.

ಆ ಗೀತದ ಕವಿಗೆ ತನ್ನ ಹಂಬಲವನ್ನು ತೋಡಿಕೊಳ್ಳಲು ತನ್ನ ತಾಯ್ನುಡಿಯಿತ್ತು. ಜೊತೆಗಿದ್ದ ಗೆಳೆಯನ ದಾರಿ ಬೇರೆಯಾಯಿತು. ಪಾಲರು ಇಂಗ್ಲೆಂಡಿನಲ್ಲಿಯೇ ಉಳಿದು, ಅಲ್ಲಿಯವರನ್ನೇ ಮದುವೆಯಾಗಿ, ಇಂಗ್ಲಿಷಿನಲ್ಲಿಯೇ ನಾಟಕಗಳನ್ನೂ ಚಿತ್ರಕಥೆಗಳನ್ನೂ ಬರೆಯತೊಡಗಿದರು. ತಮ್ಮ ನಾಡಿನ ಕಥೆಯನ್ನು ಆ ನಾಡನ್ನು ಕಾಣದವರಿಗೆ ಹೇಳುವುದೇ ಅವರ ವೃತ್ತಿಯಾಯಿತು. ಹೀಗೆ ಹೇಳುವವನಿಗೆ ಒಂದು ತೊಡಕು ತಪ್ಪಿದ್ದಲ್ಲ. ಮನೆಯವರಿಗೆ ಕಥೆ ಹೇಳುವವನು ನೇರವಾಗಿ ಕಥೆಗೆ ಇಳಿಯಬಹುದು. ಹೊರಗಿನವರಿಗೆ ಹೇಳುವವನು ಮೊದಲು ಅವರನ್ನು ಬಾಗಿಲಿನವರೆಗೆ ಕರೆತರಬೇಕು. ಈ ಬಾಗಿಲನ್ನು ಕಟ್ಟುವ ಕೆಲಸದಲ್ಲಿ ಪಾಲರು ಪಳಗಿದರು.

1922ರಲ್ಲಿ ಅವರ 'ದಿ ಗಾಡೆಸ್' ಎಂಬ ನಾಟಕವನ್ನು ಭಾರತೀಯ ನಟರೇ ಲಂಡನ್ನಿನ ರಂಗಭೂಮಿಯ ಮೇಲೆ ಆಡಿ ತೋರಿಸಿದರು. ಆ ನಾಟಕದಲ್ಲಿ ಪಾತ್ರ ವಹಿಸಿದವರಲ್ಲಿ ಹಿಮಾಂಶು ರಾಯ್ ಎಂಬ ವಂಗ ತರುಣರೂ ಒಬ್ಬರು. ಭಾರತೀಯ ಚಲಚ್ಚಿತ್ರದ ಚರಿತ್ರೆಯಲ್ಲಿ ಈ ಭೇಟಿ ಸಾಮಾನ್ಯವಾದುದಲ್ಲ. ರಾಯರಲ್ಲಿ ಹಣ ಕೂಡಿಸುವ, ಜನರನ್ನು ಒಲಿಸುವ, ದೊಡ್ಡವರ ಬಾಗಿಲು ತಟ್ಟುವ ಶಕ್ತಿಯಿತ್ತು, ಪಾಲರಲ್ಲಿ ಕಥೆಯಿತ್ತು. ಪಾಲರ ಚಿತ್ರಕಥೆಯನ್ನು ಹಿಡಿದು ರಾಯರು ಜರ್ಮನಿಯ ಮ್ಯೂನಿಕ್ ನಗರಕ್ಕೆ ಹೋಗಿ, ಅಲ್ಲಿಯ ಎಮೆಲ್ಕಾ ಚಿತ್ರಸಂಸ್ಥೆಯನ್ನು ಒಪ್ಪಿಸಿದರು. ನಿರ್ದೇಶಕ ಫ್ರಾನ್ಸ್ ಓಸ್ಟನ್, ಛಾಯಾಗ್ರಾಹಕರು ಮತ್ತು ಯಂತ್ರಸಾಮಗ್ರಿ ಜರ್ಮನಿಯಿಂದ. ಹಣ, ನಟವರ್ಗ ಮತ್ತು ಕಥಾಭೂಮಿ ಭಾರತದಿಂದ. ಹೀಗೆ 1925ರಲ್ಲಿ 'ದಿ ಲೈಟ್ ಆಫ್ ಏಷ್ಯಾ' ಎಂಬ ಮೂಕಚಿತ್ರ ಸಿದ್ಧವಾಯಿತು. ಭಾರತದಲ್ಲಿ ಅದರ ಹೆಸರು 'ಪ್ರೇಮ ಸಂನ್ಯಾಸ'. ಎಡ್ವಿನ್ ಆರ್ನಾಲ್ಡನ 1879ರ ಇಂಗ್ಲಿಷ್ ಕಾವ್ಯವೇ ಅದಕ್ಕೆ ಆಧಾರ. ಸ್ವತಃ ರಾಯರೇ ಗೌತಮನ ಪಾತ್ರವನ್ನು ಧರಿಸಿದರು. ಚಿತ್ರ ಯೂರೋಪಿನಲ್ಲಿ ಹೆಸರು ಗಳಿಸಿತು. ವಿಂಡ್ಸರ್ ಅರಮನೆಯಲ್ಲಿ ಐದನೆಯ ಜಾರ್ಜ್ ದೊರೆಯ ಎದುರಿಗೆ ಪ್ರದರ್ಶಿತವಾಯಿತು.

ಈ ಚಿತ್ರ ಆರಂಭವಾಗುವ ಬಗೆ ಗಮನಾರ್ಹ. ಮೊದಲಿಗೆ ಕಾಣುವುದು ಬುದ್ಧನಲ್ಲ, ಕಪಿಲವಸ್ತುವಲ್ಲ. ಭಾರತವನ್ನು ನೋಡಲು ಬಂದ ಪಾಶ್ಚಾತ್ಯ ಪ್ರವಾಸಿಗಳು. ಅವರು ಊರೂರು ಸುತ್ತಿ ಕೊನೆಗೆ ಬೋಧಿವೃಕ್ಷದ ಬಳಿ ಬಂದು ನಿಲ್ಲುತ್ತಾರೆ. ಅಲ್ಲಿ ಒಬ್ಬ ವೃದ್ಧನು ಅವರಿಗೆ ಕಥೆ ಹೇಳುತ್ತಾನೆ. ಅವನ ಬಾಯಿಂದ ಗೌತಮನ ಜೀವನ ಬಿಚ್ಚಿಕೊಳ್ಳುತ್ತದೆ. ಇದು ಪರದೇಶದ ಪ್ರೇಕ್ಷಕರನ್ನು ಓಲೈಸುವ ಉಪಾಯವೆಂದು ಟೀಕಿಸುವವರು ಉಂಟು. ಆ ಟೀಕೆಯಲ್ಲಿ ಹುರುಳಿಲ್ಲದೆ ಇಲ್ಲ. ಆನೆ, ಅಂಬಾರಿ, ಅರಮನೆಗಳ ವೈಭವವನ್ನು ಯೂರೋಪಿನವರು ಬಯಸಿದಂತೆಯೇ ಚಿತ್ರ ಒದಗಿಸುತ್ತದೆ. ಆದರೆ ನಮ್ಮ ಪುರಾಣ ಕಾವ್ಯಗಳಲ್ಲಿಯೂ ಕಥೆ ನೇರವಾಗಿ ಪ್ರಾರಂಭವಾಗುವುದಿಲ್ಲ. ನೈಮಿಷಾರಣ್ಯಕ್ಕೆ ಸೂತನು ಬರಬೇಕು, ಶೌನಕಾದಿಗಳು ಕೇಳಬೇಕು, ಆಮೇಲೆ ಭಾರತದ ಕಥೆ. ಹಳೆಯ ಆ ಚೌಕಟ್ಟಿನಲ್ಲಿ ಕಥೆ ಹೇಳುವವನೇ ನಡೆದುಬರುತ್ತಿದ್ದ. ಪಾಲರ ಚೌಕಟ್ಟಿನಲ್ಲಿ ಕೇಳುವವನು ನಡೆದುಬರುತ್ತಾನೆ. ಕಥೆಗೆ ಪರಕೀಯನಾದವನು ಕಥೆಯ ನೆಲಕ್ಕೆ ಬಂದು ನಿಲ್ಲುವುದು ಅವರ ಗುರುತು. ಇದನ್ನು ನೆನಪಿನಲ್ಲಿಟ್ಟುಕೊಳ್ಳಬೇಕು, ಹನ್ನೊಂದು ವರ್ಷಗಳ ಮೇಲೆ ಇದು ಇನ್ನೊಂದು ವೇಷದಲ್ಲಿ ಮರಳಿ ಬರುತ್ತದೆ.

ಮುಂದಿನ ಎರಡು ಮೂಕಚಿತ್ರಗಳಾದ 'ಶಿರಾಜ್' (1928) ಮತ್ತು 'ಎ ಥ್ರೋ ಆಫ್ ಡೈಸ್' ಅಥವಾ 'ಪ್ರಪಂಚ ಪಾಶ' (1929) ಕೂಡ ರಾಯ್, ಪಾಲ್, ಓಸ್ಟನ್ ಈ ಮೂವರ ಕೂಡುಕೆಲಸದಿಂದಲೇ ಹೊರಬಂದವು. ಎರಡನೆಯದರಲ್ಲಿ ಮಹಾಭಾರತದ ದ್ಯೂತದ ನೆನಪನ್ನು ಹಿಡಿದು, ಇಬ್ಬರು ಜೂಜುಗಾರ ಅರಸರ ಕಥೆಯನ್ನು ಹೆಣೆದಿದೆ. 'ಶಿರಾಜ್' ಪಾಲರ ಒಂದು ನಾಟಕದಿಂದ ಬಂದುದು. ಅದನ್ನು ತೆರೆಗೆ ಅಳವಡಿಸುವಲ್ಲಿ ಡಬ್ಲ್ಯು. ಎ. ಬರ್ಟನ್ ಎಂಬ ಆಂಗ್ಲ ಲೇಖಕರ ಕೈಯೂ ಸೇರಿತು. ತಾಜಮಹಲಿನ ಶಿಲ್ಪಿ, ಷಹಜಹಾನನು ವರಿಸಿದ ಹೆಣ್ಣನ್ನು ಬಾಲ್ಯದಿಂದಲೂ ಪ್ರೀತಿಸಿದ್ದ ಒಬ್ಬ ಕುಂಬಾರರ ಮನೆಯ ಹುಡುಗನೆಂದು ಅಲ್ಲಿ ಕಲ್ಪಿಸಲಾಗಿದೆ. ಇದು ಚರಿತ್ರೆಯಲ್ಲ, ಚರಿತ್ರೆಯೆಂದು ಯಾರೂ ವಾದಿಸಬೇಕಾಗಿಯೂ ಇಲ್ಲ. ಆದರೆ ಕಲ್ಪನೆಯ ಒಲವು ಯಾವ ಕಡೆಗೆಂಬುದು ಸ್ಪಷ್ಟವಾಗಿದೆ. ಜಗತ್ತು ಚಕ್ರವರ್ತಿಯ ಪ್ರೇಮವೆಂದು ಕೊಂಡಾಡುವ ಕಟ್ಟಡದಲ್ಲಿ ಹೆಸರಿಲ್ಲದ ಕುಶಲಕರ್ಮಿಯೊಬ್ಬನ ಪ್ರೇಮವೂ ಹುದುಗಿದೆಯೆಂದು ಪಾಲರು ಕಂಡರು. ನಕ್ಷೆ ಬರೆದವನು ಮರೆತುಹೋಗಿ, ಕಟ್ಟಿಸಿದವನ ಹೆಸರು ನಿಲ್ಲುವ ಈ ಕಥೆ ಅದನ್ನು ಬರೆದವರ ಬಾಳಿಗೂ ಒಪ್ಪಿತು. ಅದು ಕಾಕತಾಳೀಯವಿರಬಹುದು, ಆದರೂ ಗಮನಿಸದೆ ಮುಂದೆ ಹೋಗುವಂತಿಲ್ಲ.

ಅಷ್ಟರಲ್ಲಿ ತೆರೆಗೆ ಮಾತು ಬಂದಿತು. ಮೂಕಚಿತ್ರಕ್ಕೆ ಭಾಷೆಯ ಗಡಿ ಇರಲಿಲ್ಲ; ನಡುನಡುವೆ ತೋರುವ ಬರಹದ ಫಲಕಗಳನ್ನು ಯಾವ ಭಾಷೆಗಾದರೂ ಬದಲಾಯಿಸಬಹುದಾಗಿತ್ತು. ವಾಕ್ಚಿತ್ರವು ಒಂದೇ ಏಟಿಗೆ ಆ ಸ್ವಾತಂತ್ರ್ಯವನ್ನು ಕಸಿದುಕೊಂಡಿತು. ಮ್ಯೂನಿಕ್, ಲಂಡನ್, ಕಲಕತ್ತೆಗಳನ್ನು ಒಂದೇ ಚಿತ್ರದಲ್ಲಿ ಹೆಣೆದವರಿಗೆ ಇದು ದೊಡ್ಡ ಪೆಟ್ಟು. ರಾಯರು ಭಾರತದಲ್ಲಿಯೇ ನೆಲೆಯೂರಲು ನಿಶ್ಚಯಿಸಿದರು. 1934ರಲ್ಲಿ ಮುಂಬಯಿಯ ಹೊರವಲಯವಾಗಿದ್ದ ಮಲಾಡಿನಲ್ಲಿ, ರಾಯ್ ಮತ್ತು ಅವರ ಪತ್ನಿ ದೇವಿಕಾ ರಾಣಿಯವರ ನಾಯಕತ್ವದಲ್ಲಿ ಬಾಂಬೆ ಟಾಕೀಸ್ ಸ್ಥಾಪಿತವಾಯಿತು. ಅದು ಷೇರುಗಳನ್ನು ಮಾರಿ ಬಂಡವಾಳ ಕೂಡಿಸಿದ ಕಂಪೆನಿ, ಎಫ್. ಇ. ದಿನ್ಶಾ, ಚಿಮನ್‌ಲಾಲ್ ಸೆಟಲ್ವಾಡ್ ಮೊದಲಾದ ನಗರದ ಗಣ್ಯರು ಅದರ ಆಡಳಿತ ಮಂಡಲಿಯಲ್ಲಿದ್ದರು. ಓಸ್ಟನ್ನರು ನಿರ್ದೇಶಕರಾಗಿಯೂ, ಜೋಸೆಫ್ ವಿರ್ಷಿಂಗ್ ಛಾಯಾಗ್ರಾಹಕರಾಗಿಯೂ ಜರ್ಮನಿಯಿಂದ ಬಂದರು. ಕಥಾವಿಭಾಗದ ಭಾರ ನಿರಂಜನ ಪಾಲರ ಮೇಲೆ ಬಿದ್ದಿತು.

ಇಲ್ಲಿ ಆ ಸ್ಟುಡಿಯೋದ ಕಾರ್ಯಕ್ರಮವನ್ನು ಸ್ವಲ್ಪ ವಿವರಿಸಬೇಕು. ಅಂದಿನ ಮುಂಬಯಿಯ ಅನೇಕ ಚಿತ್ರಶಾಲೆಗಳಲ್ಲಿ ಕಥೆಯ ಎಳೆಯೊಂದನ್ನು ಹಿಡಿದು ಚಿತ್ರೀಕರಣ ಶುರುವಾಗುತ್ತಿತ್ತು; ಮಾತುಗಳನ್ನು ಮುನ್ಷಿಯೊಬ್ಬನು ಬರೆದು ಪೂರೈಸುತ್ತಿದ್ದನು. ಬಾಂಬೆ ಟಾಕೀಸಿನಲ್ಲಿ ಹಾಗೆ ನಡೆಯುವಂತಿರಲಿಲ್ಲ. ಓಸ್ಟನ್ನರಿಗೆ ಹಿಂದಿ ಬಾರದು. ನಟರಿಗೆ ಜರ್ಮನ್ ಬಾರದು. ಇಬ್ಬರ ನಡುವೆ ಇಂಗ್ಲಿಷಿನಲ್ಲಿ ಬರೆದ ಪೂರ್ಣ ಚಿತ್ರಕಥೆಯೇ ಸೇತುವೆ. ಪಾಲರು ಇಂಗ್ಲಿಷಿನಲ್ಲಿ ದೃಶ್ಯಗಳನ್ನು ರಚಿಸುವರು, ಜೆ. ಎಸ್. ಕಶ್ಯಪರು ಅದಕ್ಕೆ ಹಿಂದುಸ್ತಾನಿ ಸಂಭಾಷಣೆಯನ್ನೂ ಹಾಡುಗಳನ್ನೂ ಬರೆಯುವರು. ಸರಸ್ವತೀ ದೇವಿಯವರು ರಾಗ ಸಂಯೋಜಿಸುವರು. ಪ್ರೇಕ್ಷಕನ ಕಿವಿಗೆ ಮುಟ್ಟುವ ಒಂದೊಂದು ಮಾತೂ ಕಶ್ಯಪರದು. ಆ ಮಾತು ಯಾವ ಗಳಿಗೆಯಲ್ಲಿ, ಯಾರ ಬಾಯಿಂದ, ಯಾವ ಇಕ್ಕಟ್ಟಿನಲ್ಲಿ ಹೊರಡಬೇಕೆಂಬ ಕಟ್ಟಣೆ ಪಾಲರದು. 1935ರ 'ಜವಾನೀ ಕಿ ಹವಾ', 1936ರ 'ಜೀವನ್ ನೈಯಾ', 'ಅಛೂತ್ ಕನ್ಯಾ', 'ಜನ್ಮಭೂಮಿ', 1937ರ 'ಇಜ್ಜತ್' ಇವೆಲ್ಲ ಹೀಗೆಯೇ ಹುಟ್ಟಿದವು.

ಇವುಗಳಲ್ಲಿ 'ಅಛೂತ್ ಕನ್ಯಾ' ಪಾಲರ ಪ್ರತಿಭೆಗೆ ಹಿಡಿದ ಕನ್ನಡಿ. 'ದಿ ಲೆವೆಲ್ ಕ್ರಾಸಿಂಗ್' ಎಂಬ ಅವರ ಇಂಗ್ಲಿಷ್ ಕಥೆ ಅದರ ಮೂಲ. ಪೂನಾ ಒಪ್ಪಂದ 1932ರಲ್ಲಿ ಆಗಿತ್ತು. ಗಾಂಧೀಜಿಯವರ ಹರಿಜನ ಪ್ರವಾಸ 1933-34ರಲ್ಲಿ ನಡೆದಿತ್ತು. ತಾವು ಹಿಂದುವಾಗಿ ಸಾಯುವುದಿಲ್ಲವೆಂದು ಡಾ. ಅಂಬೇಡ್ಕರರು ಯೇವಲೆಯಲ್ಲಿ ಸಾರಿದುದು 1935ರಲ್ಲಿ. ಚಿತ್ರ ಬಂದುದು ಮರುವರ್ಷ. ಕಾಲದ ಪ್ರಶ್ನೆಯನ್ನೇ ಎತ್ತಿಕೊಂಡಿತೆಂಬುದರಲ್ಲಿ ಸಂದೇಹವಿಲ್ಲ.

ಕಥೆಯ ಕೇಂದ್ರ ಒಂದು ರೈಲ್ವೆ ಗೇಟು. ಗೇಟು ಕಾಯುವವನು ದುಖಿಯಾ, ಅಸ್ಪೃಶ್ಯ ಜಾತಿಯವನು. ಅವನ ಮಗಳು ಕಸ್ತೂರಿ. ಊರಿನ ಕಿರಾಣಿ ಅಂಗಡಿಯ ಮೋಹನ, ಬ್ರಾಹ್ಮಣ. ಅವನ ಮಗ ಪ್ರತಾಪ. ಹಾವು ಕಚ್ಚಿದ ಮೋಹನನ ಪ್ರಾಣವನ್ನು ದುಖಿಯಾ ಉಳಿಸಿದ ದಿನದಿಂದ ತಂದೆಗಳಲ್ಲಿ ಸ್ನೇಹ. ಮಕ್ಕಳಲ್ಲಿ ಆ ಸ್ನೇಹ ಪ್ರೇಮವಾಗಿ ಬೆಳೆಯುತ್ತದೆ. ಕಾಯಿಲೆ ಬಿದ್ದ ದುಖಿಯಾನನ್ನು ಮೋಹನ ತನ್ನ ಮನೆಗೆ ಕರೆತಂದಾಗ ಊರಿನ ಗುಂಪು ಆ ಮನೆಯ ಮೇಲೆ ಬೀಳುತ್ತದೆ. ಗಾಯಗೊಂಡ ಗೆಳೆಯನಿಗೆ ವೈದ್ಯನನ್ನು ತರಿಸಲು ದುಖಿಯಾ ಓಡುವ ರೈಲನ್ನು ತಡೆದು ನಿಲ್ಲಿಸುತ್ತಾನೆ. ಆ ತಪ್ಪಿಗೆ ಅವನ ನೌಕರಿ ಹೋಗುತ್ತದೆ. ಪ್ರತಾಪನಿಗೂ ಕಸ್ತೂರಿಗೂ ಬೇರೆ ಬೇರೆ ಮದುವೆಗಳಾಗುತ್ತವೆ. ಕೊನೆಗೆ, ಸಂಶಯದಿಂದ ಕುದಿದ ಕಸ್ತೂರಿಯ ಗಂಡ ಗೇಟಿನ ಬಳಿ ಪ್ರತಾಪನೊಡನೆ ಹೊಡೆದಾಟಕ್ಕೆ ಇಳಿಯುತ್ತಾನೆ. ಹಳಿಯ ಮೇಲೆ ಹೋರಾಡುತ್ತಿರುವ ಇಬ್ಬರನ್ನೂ ಉಳಿಸಲು, ಧಾವಿಸಿ ಬರುವ ರೈಲನ್ನು ನಿಲ್ಲಿಸ ಹೊರಟ ಕಸ್ತೂರಿ ಅದೇ ರೈಲಿಗೆ ಬಲಿಯಾಗುತ್ತಾಳೆ.

ಈ ಕಟ್ಟಡವನ್ನು ಗಮನಿಸಬೇಕು. ರೈಲು ಎರಡು ಸಲ ತಡೆಯಲ್ಪಡುತ್ತದೆ. ಮೊದಲನೆಯ ಸಲ ತಂದೆ ಗೆಳೆಯನಿಗಾಗಿ ತಡೆಯುತ್ತಾನೆ, ಜೀವನೋಪಾಯ ಕಳೆದುಕೊಳ್ಳುತ್ತಾನೆ. ಎರಡನೆಯ ಸಲ ಮಗಳು ತಡೆಯುತ್ತಾಳೆ, ಜೀವವನ್ನೇ ಕಳೆದುಕೊಳ್ಳುತ್ತಾಳೆ. ರೈಲು ಯಾರ ಜಾತಿಯನ್ನೂ ಕೇಳದ ಯಂತ್ರ. ಆದರೆ ಅದು ಹಾದುಹೋಗುವ ಊರು ಜಾತಿಯನ್ನು ಕೇಳದೆ ಬಿಡುವುದಿಲ್ಲ. ಎರಡು ದಾರಿಗಳು ಒಂದನ್ನೊಂದು ದಾಟುವ ಜಾಗ ಅದು. ಅಲ್ಲಿ ಕೈಮರವನ್ನು ಎತ್ತುವ, ಇಳಿಸುವ ಕೆಲಸ ಯಾರನ್ನು ಊರು ದೂರ ನಿಲ್ಲಿಸಿತೋ ಅವರದೇ. ಇಂಥ ಸ್ಥಳವನ್ನು ಆಯ್ದುದು ಸಂಭಾಷಣೆಕಾರನ ಕೆಲಸವಲ್ಲ, ನಟಿಯದಲ್ಲ, ಛಾಯಾಗ್ರಾಹಕನದಲ್ಲ. ಅದು ಕಥೆ ಕಟ್ಟಿದವನದು. ಅವನ ಮೂಲ ಶೀರ್ಷಿಕೆಯೇ ಅದಕ್ಕೆ ಸಾಕ್ಷಿ.

ಇನ್ನು ಆರಂಭ. ಕಾರಿನಲ್ಲಿ ಹೋಗುತ್ತಿರುವ ಪೇಟೆಯ ದಂಪತಿಗಳು ರಾತ್ರಿಯಲ್ಲಿ ರೈಲ್ವೆ ಗೇಟಿನ ಬಳಿ ತಡೆದು ನಿಲ್ಲಬೇಕಾಗುತ್ತದೆ. ಅಲ್ಲಿ ಒಬ್ಬ ಹೆಣ್ಣಿನ ಸ್ಮಾರಕವಿದೆ. ಅದು ಯಾರದು ಎಂಬ ಪ್ರಶ್ನೆಗೆ ಉತ್ತರವಾಗಿ ಕಸ್ತೂರಿಯ ಕಥೆ ಬರುತ್ತದೆ. ಬೋಧಿವೃಕ್ಷದ ಬಳಿ ನಿಂತ ಪ್ರವಾಸಿಗಳ ಚೌಕಟ್ಟೇ ಇದು. ಆದರೆ ಒಂದು ಬದಲಾವಣೆ ಇದೆ. ಪಾಲರ ಬೆಳವಣಿಗೆಯೆಲ್ಲ ಆ ಬದಲಾವಣೆಯಲ್ಲಿದೆ. 1925ರಲ್ಲಿ ಕಥೆಗೆ ಪರಕೀಯರಾದವರು ಯೂರೋಪಿನವರು. 1936ರಲ್ಲಿ ಕಥೆಗೆ ಪರಕೀಯರಾದವರು ನಾವೇ: ಕಾರಿನಲ್ಲಿ ಕುಳಿತು ಹಳ್ಳಿಯನ್ನು ದಾಟಿ ಹೋಗುವ, ಗೇಟು ಮುಚ್ಚದಿದ್ದರೆ ನಿಲ್ಲಲೂ ಮನಸ್ಸು ಮಾಡದ ಭಾರತೀಯರು. ವಿದೇಶೀಯರಿಗೆ ಭಾರತವನ್ನು ತೋರಿಸಲು ಕಲಿತ ಉಪಾಯವನ್ನು ಪಾಲರು ಭಾರತೀಯರಿಗೆ ಭಾರತವನ್ನು ತೋರಿಸಲು ತಿರುಗಿಸಿದರು. ಪರದೇಶದ ಬಾಳು ಅವರಿಗೆ ಕೊಟ್ಟ ಕಣ್ಣು ವ್ಯರ್ಥವಾಗಲಿಲ್ಲ.

ಚಿತ್ರದ ಮಿತಿಗಳನ್ನು ಮರೆಮಾಚಬೇಕಾಗಿಲ್ಲ. ಪ್ರೇಮಿಗಳ ಮದುವೆಯನ್ನು ಆಗಗೊಡುವ ಧೈರ್ಯ ಅದಕ್ಕೆ ಬರಲಿಲ್ಲ. ಸಮಾಜ ಬಗೆಹರಿಸಬೇಕಾದ ಪ್ರಶ್ನೆಯನ್ನು ನಾಯಿಕೆಯ ಸಾವು ಬಗೆಹರಿಸುತ್ತದೆ. ಬದುಕಿದ್ದಾಗ ಮುಟ್ಟದವಳಿಗೆ ಸತ್ತ ಮೇಲೆ ಸ್ಮಾರಕ ಏಳುತ್ತದೆ. ರೇಷ್ಮೆಯ ನಯದ ದೇವಿಕಾ ರಾಣಿಯವರನ್ನು ಗೇಟು ಕಾಯುವವನ ಮಗಳೆಂದು ನಂಬುವುದು ಕಷ್ಟವೆಂಬ ಮಾತೂ ಇದೆ. ಇಷ್ಟಾದರೂ, ಅಸ್ಪೃಶ್ಯತೆಯನ್ನು ಉಪದೇಶದ ಮಾತಾಗಿ ಉಳಿಸದೆ ಒಂದು ಊರಿನ, ಒಂದು ಗೇಟಿನ, ಎರಡು ಮನೆಗಳ ಕಥೆಯಾಗಿ ನಿಲ್ಲಿಸಿದ್ದು ಚಿಕ್ಕ ಸಾಧನೆಯಲ್ಲ. ಜವಾಹರಲಾಲ ನೆಹರೂ ಮತ್ತು ಸರೋಜಿನೀ ನಾಯಿಡು ಅವರು ಈ ಚಿತ್ರವನ್ನು ನೋಡಿದರು. ಹೊಗಳಿಕೆ ದೇವಿಕಾ ರಾಣಿಯವರಿಗೆ ಸಂದಿತು.

ರಾಯರಿಗೂ ಪಾಲರಿಗೂ ನಡುವೆ ಭಿನ್ನಾಭಿಪ್ರಾಯ ಬೆಳೆದು, 1937ರಲ್ಲಿ ಪಾಲರು ಬಾಂಬೆ ಟಾಕೀಸನ್ನು ಬಿಟ್ಟರು. ಲಂಡನ್ನಿನ ರಂಗಭೂಮಿಯಿಂದ ಮಲಾಡಿನವರೆಗೆ ಹದಿನೈದು ವರ್ಷ ಬೆಳೆದಿದ್ದ ಒಡನಾಟ ಅಲ್ಲಿಗೆ ಮುಗಿಯಿತು. ಸಂಸ್ಥೆಯ ಭಾಗ್ಯವೂ ಹೆಚ್ಚು ಕಾಲ ಅಖಂಡವಾಗಿ ಉಳಿಯಲಿಲ್ಲ. 1939ರಲ್ಲಿ ಯುದ್ಧ ಆರಂಭವಾದೊಡನೆ ಜರ್ಮನ್ ಕಲಾವಿದರು ಬಂಧನಕ್ಕೊಳಗಾದರು. 1940ರಲ್ಲಿ ರಾಯರು ತೀರಿಕೊಂಡರು. ಪಾಲರು ಕಲಕತ್ತೆಗೆ ಹಿಂದಿರುಗಿ, ಅರೋರಾ ಸಂಸ್ಥೆಯೊಡನೆ ಕಿರುಚಿತ್ರಗಳಲ್ಲಿಯೂ ಬಂಗಾಳಿ ಚಿತ್ರಗಳಲ್ಲಿಯೂ ದುಡಿದರು. ಮಲಾಡಿನ ಕಾಲದ ಪ್ರಭಾವಳಿ ಮತ್ತೆ ಬರಲಿಲ್ಲ. 1959ರಲ್ಲಿ ಅವರು ಕಾಲವಶರಾದರು.

ಈಗ ಮೊದಲ ಪ್ರಶ್ನೆಗೆ ಮರಳೋಣ. ಹೋಲಿಕೆಗಾಗಿ ನಮ್ಮದೇ ಒಂದು ನಿದರ್ಶನವನ್ನು ತೆಗೆದುಕೊಳ್ಳಬಹುದು. ಮೊದಲ ಕನ್ನಡ ವಾಕ್ಚಿತ್ರ 'ಸತಿ ಸುಲೋಚನಾ' 1934ರಲ್ಲಿ ತೆರೆಕಂಡಿತು. ಅದರ ಚಿತ್ರೀಕರಣ ನಡೆದದ್ದು ಕೊಲ್ಹಾಪುರದಲ್ಲಿ. ನಿರ್ಮಾಪಕರು ಚಮನ್‌ಲಾಲ್ ಡೂಂಗಾಜಿ. ನಿರ್ದೇಶಕರು ತೆಲುಗಿನ ವೈ. ವಿ. ರಾವ್. ನೆಲ ಬೇರೆ, ಬಂಡವಾಳ ಬೇರೆಯಾದರೂ ಸಂಭಾಷಣೆ, ಗೀತೆಗಳನ್ನು ಬರೆದ ಬೆಳ್ಳಾವೆ ನರಹರಿ ಶಾಸ್ತ್ರಿಗಳ ಹೆಸರನ್ನು ಕನ್ನಡ ಚಲಚ್ಚಿತ್ರದ ಚರಿತ್ರೆ ಬರೆಯುವ ಯಾರೂ ಬಿಡುವುದಿಲ್ಲ. ಅವರು ಬರೆದ ಮಾತೇ ಕನ್ನಡಿಗರ ಕಿವಿಗೆ ಬಿದ್ದಿತು. ಕನ್ನಡ ಅವರನ್ನು ತನ್ನ ಲೆಕ್ಕಕ್ಕೆ ಬರೆದುಕೊಂಡಿತು. ಪಾಲರಿಗೆ ಈ ಆಶ್ರಯ ದೊರೆಯಲಿಲ್ಲ. ಬಂಗಾಳಿ ಸಾಹಿತ್ಯಕ್ಕೆ ಅವರು ಇಂಗ್ಲಿಷಿನ ಲೇಖಕರು. ಇಂಗ್ಲಿಷ್ ರಂಗಭೂಮಿಗೆ ಒಂದು ಕಾಲದ ಅತಿಥಿ. ಜರ್ಮನರ ಚರಿತ್ರೆಯಲ್ಲಿ ಓಸ್ಟನ್ನರ ನೆರಳು. ಹಿಂದಿಯವರಿಗೆ ಅವರು ಬರೆದ ಒಂದು ಮಾತೂ ಹಿಂದಿಯದಲ್ಲ. ಭಾಷೆಯೊಂದು ತನ್ನವರನ್ನು ಕಾಪಾಡುವ ಬಗೆ ಹೀಗೆಯೇ: ಬರೆದ ಮಾತಿನಿಂದ ಗುರುತಿಸುತ್ತದೆ. ಮಾತು ಉಳಿಯದವನನ್ನು ಅದು ಗುರುತಿಸಲಾರದು.

ಆದರೆ ಚಿತ್ರಕಥಾಕಾರನ ಬರವಣಿಗೆ ಮಾತಿನಲ್ಲಿ ಮುಗಿಯುವುದಿಲ್ಲ. ಅವನ ಮಾತು ಭಾಷಾಂತರದಲ್ಲಿ ಕರಗಿಹೋದರೂ ಕಟ್ಟಣೆ ಕರಗುವುದಿಲ್ಲ. ತಡೆದು ನಿಲ್ಲಿಸಲ್ಪಟ್ಟ ಪ್ರಯಾಣಿಕ, ನೆಲದ ಮೇಲಿನ ಒಂದು ಗುರುತು, ಅದರ ಕಥೆಯನ್ನು ಹೇಳುವ ದನಿ, ಈ ಮೂರನ್ನು ಹಿಡಿದು ಹೊರಟರೆ ಪಾಲರ ಕೈ ಎಲ್ಲಿ ಆಡಿದೆಯೆಂದು ಗುರುತಿಸಬಹುದು. ಈ ಶತಮಾನದಲ್ಲಿ ಅವರ ಮೂಕಚಿತ್ರಗಳು ಜೀರ್ಣೋದ್ಧಾರಗೊಂಡು ಹೊಸ ಸಂಗೀತದೊಡನೆ ಮತ್ತೆ ತೆರೆಗೆ ಬಂದಿವೆ. 'ಶಿರಾಜ್' 2017ರಲ್ಲಿ ಲಂಡನ್ನಿನಲ್ಲಿ ಹೀಗೆ ಪ್ರದರ್ಶಿತವಾಯಿತು. ಅವರ ಆತ್ಮವೃತ್ತಾಂತವೂ 2011ರಲ್ಲಿ ಅದೇ ನಗರದಲ್ಲಿ ಅಚ್ಚಾಯಿತು. ಇವು ಸಂತೋಷದ ಸಂಗತಿಗಳು.

ದೇವಿಕಾ ರಾಣಿಯವರು 1945ರಲ್ಲಿ ಚಿತ್ರರಂಗವನ್ನು ತೊರೆದು, ಕಲಾವಿದ ಸ್ವೆತೊಸ್ಲಾವ್ ರೋರಿಕರನ್ನು ವರಿಸಿ, ಮುಂದೆ ಬೆಂಗಳೂರಿನ ಬಳಿಯ ತಾತಗುಣಿಯಲ್ಲಿ ನೆಲಸಿ, 1994ರಲ್ಲಿ ನಿಧನರಾದರು. ಕಸ್ತೂರಿಯ ಪಾತ್ರವನ್ನು ಆಡಿದವರು ಕನ್ನಡದ ನೆಲದಲ್ಲಿ ಅಷ್ಟು ಕಾಲ ಬಾಳಿದ್ದರಿಂದ ಅವರ ಹೆಸರು ನಮಗೆ ಪರಿಚಿತ. ಆ ಪಾತ್ರವನ್ನು ಕಾಗದದ ಮೇಲೆ ಮೊದಲು ಕಂಡವರ ಹೆಸರೂ ಅದರ ಪಕ್ಕದಲ್ಲಿ ನಿಲ್ಲಬೇಕು. ಹೊರನಾಡಿನಲ್ಲಿದ್ದುಕೊಂಡು, ದಿನವಿಡೀ ಪರಭಾಷೆಯಲ್ಲಿ ದುಡಿದು, ಸಂಜೆಗೆ ತಮ್ಮ ನುಡಿಯ ಲೆಕ್ಕಪುಸ್ತಕವನ್ನು ತೆರೆಯುವ ನಮ್ಮಂಥವರಿಗೆ ನಿರಂಜನ ಪಾಲರ ಬಾಳು ತೀರ ದೂರದ್ದಲ್ಲ. ಆ ಪುಸ್ತಕದಲ್ಲಿ ಇನ್ನೊಂದು ಭಾಷೆಗೆ ದುಡಿದವರಿಗೂ ಒಂದು ಪುಟವನ್ನು ಬಿಡುವುದು ಔದಾರ್ಯವಲ್ಲ, ನ್ಯಾಯ.